ಗೇಮ್ ಓಪನ್ ಆಗ್ತಿಲ್ವಾ, ಮಧ್ಯದಲ್ಲೇ ಆಫ್ ಆಗ್ತಿದೆಯಾ? ವಿಂಡೋಸ್ ಮತ್ತೆ ಹಾಕಿಸುವ ಮುಂಚೆ ಇಷ್ಟು ನೋಡಿ

ತುಮಕೂರಿನಲ್ಲಿ ರೂಮ್ ಮಾಡಿಕೊಂಡು ಇಂಜಿನಿಯರಿಂಗ್ ಓದುವ ಹುಡುಗರು, ಚಿಂತಾಮಣಿ ಕಡೆಯ ಹೈಸ್ಕೂಲ್ ಮಕ್ಕಳ ಅಪ್ಪಂದಿರು, ಕೆಜಿಎಫ್‌ನಿಂದ ದಿನಾ ರೈಲಿನಲ್ಲಿ ಬೆಂಗಳೂರಿಗೆ ಕೆಲಸಕ್ಕೆ ಹೋಗಿಬಂದು ರಾತ್ರಿ ಒಂದು ಗಂಟೆ ಆಡುವವರು, ಎಲ್ಲರೂ ಕೇಳುವುದು ಇದನ್ನೇ. "ಗೇಮ್ ಇನ್‌ಸ್ಟಾಲ್ ಆಯ್ತು, ಓಪನ್ ಆಗ್ತಿಲ್ಲ." "ಆಡ್ತಾ ಆಡ್ತಾ ಕಂಪ್ಯೂಟರೇ ಆಫ್ ಆಗುತ್ತೆ." "ಪಿಂಗ್ ಇನ್ನೂರು ತೋರಿಸುತ್ತೆ, ಏನ್ ಮಾಡ್ಲಿ?"

ರಿಪೇರಿಗೆ ಕೊಟ್ಟರೆ ಸಾಮಾನ್ಯವಾಗಿ ಸಿಗುವ ಉತ್ತರ, ವಿಂಡೋಸ್ ಹೊಸದಾಗಿ ಹಾಕೋಣ ಅಂತ. ದುಡ್ಡು ಹೋಗುತ್ತದೆ, ಬ್ಯಾಕಪ್ ಇಲ್ಲದಿದ್ದರೆ ಮನೆಯ ಫೋಟೋ, ಕಾಲೇಜಿನ ಪ್ರಾಜೆಕ್ಟ್ ಎಲ್ಲಾ ಹೋಗುತ್ತದೆ, ತೊಂದರೆ ಕರೆಂಟಿನದೋ ಧೂಳಿನದೋ ಆಗಿದ್ದರೆ ವಾರದೊಳಗೆ ವಾಪಸ್ ಬರುತ್ತದೆ. ಹೊರದೇಶದ ವಿಡಿಯೋಗಳು ನೇರವಾಗಿ ಡ್ರೈವರ್ ಅಪ್‌ಡೇಟ್‌ನಿಂದ ಶುರು ಮಾಡುತ್ತವೆ, ಯಾಕೆಂದರೆ ಅವರ ಮನೆಯಲ್ಲಿ ವೋಲ್ಟೇಜ್ ಏರಿಳಿಯುವುದು ಕಡಿಮೆ. ತುಮಕೂರು, ಚಿಕ್ಕಬಳ್ಳಾಪುರ, ಕೋಲಾರ, ನಮ್ಮ ಈ ಮೂರು ಜಿಲ್ಲೆಗಳಲ್ಲಿ ಹುಡುಕುವ ಸಾಲು ಬೇರೆ ಇರಬೇಕು. ಮೊದಲು ಕರೆಂಟು. ಆಮೇಲೆ ಬಿಸಿ. ಆಮೇಲೆ ಗೇಮಿನ ಫೈಲು, ಆಮೇಲೆ ಡ್ರೈವರ್. ವಿಂಡೋಸ್ ಹಾಕುವುದು ಕಟ್ಟಕಡೆಗೆ.

ಬೇಕಾಗುವ ಸಾಮಾನು ಕಡಿಮೆ. ಕಂಪ್ಯೂಟರಿನ ಅಡ್ಮಿನ್ ಪಾಸ್‌ವರ್ಡ್, ಒಂದು ಖಾಲಿ ಪೆನ್ ಡ್ರೈವ್, ಸ್ಟಾರ್ ಸ್ಕ್ರೂಡ್ರೈವರ್, ಮೆತ್ತನೆಯ ಬ್ರಷ್, ಒಂದು ಹಾಳೆ ಮತ್ತು ಪೆನ್ನು. ಹಾಳೆ ಪೆನ್ನು ಯಾಕೆ ಅಂದರೆ, ಒಂದು ಸಲಕ್ಕೆ ಒಂದೇ ಬದಲಾವಣೆ ಮಾಡಿ ಅದನ್ನು ಬರೆದಿಡಬೇಕು. ಒಟ್ಟಿಗೆ ಐದು ಸೆಟ್ಟಿಂಗ್ ಬದಲಾಯಿಸಿದರೆ ಗೇಮ್ ಸರಿಹೋದರೂ ಯಾವುದರಿಂದ ಅಂತ ಗೊತ್ತಾಗಲ್ಲ, ಕೆಟ್ಟರೂ ಯಾವುದನ್ನು ವಾಪಸ್ ಮಾಡಬೇಕು ಅಂತ ಗೊತ್ತಾಗಲ್ಲ. ದಯವಿಟ್ಟು ಇದನ್ನು ಸುಮ್ನೆ ಓದಿ ಬಿಡಬೇಡಿ, ಅರ್ಧಕ್ಕರ್ಧ ಜನ ಸಿಕ್ಕಿಹಾಕಿಕೊಳ್ಳುವುದು ಇಲ್ಲೇ.

ಹಂತ 1: ತೊಂದರೆ ಯಾವುದು ಅಂತ ಗುರುತಿಸಿ

"ಲ್ಯಾಗ್ ಆಗುತ್ತೆ" ಅಂದರೆ ಸಾಲದು. ಚಿತ್ರವೇ ತಡವರಿಸುತ್ತಿದೆಯಾ, ಅಥವಾ ಚಿತ್ರ ಚೆನ್ನಾಗಿ ಓಡುತ್ತಿದ್ದು ನೀವು ಹೊಡೆದ ಗುಂಡು ಮಾತ್ರ ತಡವಾಗಿ ತಗಲುತ್ತಿದೆಯಾ? ಮೊದಲನೆಯದು ಎಫ್‌ಪಿಎಸ್ ತೊಂದರೆ. ಎಫ್‌ಪಿಎಸ್ ಅಂದರೆ ಒಂದು ಸೆಕೆಂಡಿಗೆ ಪರದೆ ಮೇಲೆ ಬರುವ ಚಿತ್ರಗಳ ಲೆಕ್ಕ, 30ಕ್ಕಿಂತ ಕೆಳಗಿಳಿದರೆ ಕಣ್ಣಿಗೇ ಗೊತ್ತಾಗುತ್ತದೆ. ಎರಡನೆಯದು ಪಿಂಗ್ ತೊಂದರೆ. ಪಿಂಗ್ ಅಂದರೆ ನಿಮ್ಮ ಕಂಪ್ಯೂಟರಿನಿಂದ ಗೇಮಿನ ಸರ್ವರ್‌ಗೆ ಮಾತು ಹೋಗಿ ಉತ್ತರ ಬರಲು ಹಿಡಿಯುವ ಸಮಯ, ಇದನ್ನು ಮಿಲಿಸೆಕೆಂಡಿನಲ್ಲಿ ಹೇಳುತ್ತಾರೆ. ಎಫ್‌ಪಿಎಸ್ ತೊಂದರೆಗೆ ಇಂಟರ್‌ನೆಟ್ ಪ್ಲಾನ್ ಬದಲಾಯಿಸಿ ದುಡ್ಡು ಕಳೆದುಕೊಂಡವರು ಬೇಕಾದಷ್ಟಿದ್ದಾರೆ. ಇಂಟರ್‌ನೆಟ್ ಬೇಡದ ಗೇಮ್ ಒಂದನ್ನು ಆಡಿ ನೋಡಿ. ಅದರಲ್ಲೂ ತಡವರಿಸಿದರೆ ತೊಂದರೆ ಕಂಪ್ಯೂಟರಿನಲ್ಲೇ ಇದೆ.

ಇನ್ನೊಂದು ಮುಖ್ಯ ವ್ಯತ್ಯಾಸ. ಗೇಮ್ ಮಾತ್ರ ಮುಚ್ಚಿಕೊಂಡು ಡೆಸ್ಕ್‌ಟಾಪ್‌ಗೆ ಬರುತ್ತಿದೆಯಾ, ಇಡೀ ಕಂಪ್ಯೂಟರ್ ಟಪ್ ಅಂತ ಆರುತ್ತಿದೆಯಾ? ಗೇಮ್ ಮಾತ್ರ ಮುಚ್ಚಿಕೊಂಡರೆ ಫೈಲ್ ಅಥವಾ ಡ್ರೈವರ್, 4ನೇ ಹಂತಕ್ಕೆ ಹೋಗಿ. ಕಂಪ್ಯೂಟರೇ ಆರಿದರೆ ಅದು ಹೆಚ್ಚಿನ ಪಾಲು ಕರೆಂಟು ಅಥವಾ ಬಿಸಿ, ಮುಂದಿನ ಎರಡು ಹಂತ ನಿಮಗೇ.

ಹಂತ 2: ಕರೆಂಟು

ಸ್ಟಾರ್ಟ್ ಮೆನುವಿನಲ್ಲಿ ಈವೆಂಟ್ ವ್ಯೂವರ್ ಅಂತ ಹುಡುಕಿ ತೆರೆಯಿರಿ. ವಿಂಡೋಸ್ ಲಾಗ್ಸ್, ಅದರೊಳಗೆ ಸಿಸ್ಟಮ್. ಕಂಪ್ಯೂಟರ್ ಆರಿದ ಹೊತ್ತಿನ ಪಕ್ಕದಲ್ಲಿ ಕರ್ನಲ್ ಪವರ್, 41 ಅಂತ ಇದ್ದರೆ, ವಿಂಡೋಸ್‌ಗೆ ಸರಿಯಾಗಿ ಮುಚ್ಚಿಕೊಳ್ಳಲು ಸಮಯ ಸಿಗದೆ ಆರಿದೆ ಅಂತ ಅರ್ಥ. ಪವರ್ ಬಟನ್ ಒತ್ತಿ ಹಿಡಿದು ಆರಿಸಿದರೂ ಇದೇ ನಂಬರ್ ಬರುತ್ತದೆ, ಅದನ್ನು ಲೆಕ್ಕಕ್ಕೆ ತೆಗೆದುಕೊಳ್ಳಬೇಡಿ.

ಈಗ ಹಾಳೆಯಲ್ಲಿ ಆರಿದ ಸಮಯಗಳನ್ನು ಬರೆಯಿರಿ. ಹಳ್ಳಿ ಕಡೆ ಇದ್ದರೆ ಆ ಸಮಯವನ್ನು ತ್ರೀ ಫೇಸ್ ಕೊಡುವ ಸಮಯದ ಜೊತೆ ಹೋಲಿಸಿ ನೋಡಿ. ಮಧುಗಿರಿ, ಪಾವಗಡ, ಗೌರಿಬಿದನೂರು, ಮುಳಬಾಗಿಲು, ಎಲ್ಲಾ ಕಡೆ ಬೋರ್‌ವೆಲ್ ನಂಬಿದ ಬೇಸಾಯ. ತ್ರೀ ಫೇಸ್ ಬಂದ ಕೂಡಲೇ ಒಂದು ಟ್ರಾನ್ಸ್‌ಫಾರ್ಮರ್ ಕೆಳಗಿನ ಮೋಟಾರ್‌ಗಳೆಲ್ಲ ಒಟ್ಟಿಗೆ ಎದ್ದರೆ ಆ ಲೈನಿನ ವೋಲ್ಟೇಜ್ ಕುಸಿಯುತ್ತದೆ. ಮೋಟಾರ್ ಶುರುವಾಗುವಾಗ ಓಡುವಾಗಿನದಕ್ಕಿಂತ ಹಲವು ಪಟ್ಟು ಕರೆಂಟ್ ಎಳೆಯುತ್ತದೆ, ಅದಕ್ಕೇ. ಬಲ್ಬು ಮಂಕಾಗಿ ಮತ್ತೆ ಸರಿಹೋಗುವುದನ್ನು ನೀವೂ ನೋಡಿರುತ್ತೀರಿ, ಅಲ್ವಾ? ಅದೇ ಕ್ಷಣದಲ್ಲಿ ಗೇಮ್ ಓಡುತ್ತಿದ್ದರೆ ಗ್ರಾಫಿಕ್ಸ್ ಕಾರ್ಡ್ ಪೂರ್ತಿ ಬಲದಲ್ಲಿರುತ್ತದೆ, ಅಗ್ಗದ ಎಸ್‌ಎಂಪಿಎಸ್ ಆದರೆ ಕೈ ಎತ್ತಿಬಿಡುತ್ತದೆ. ಎಸ್‌ಎಂಪಿಎಸ್ ಅಂದರೆ ಕ್ಯಾಬಿನೆಟ್ ಒಳಗಿನ ಕರೆಂಟ್ ಡಬ್ಬಿ. ಬ್ರೌಸರ್ ನೋಡುವಾಗ ಏನೂ ಆಗದೆ ಗೇಮ್ ಆಡುವಾಗ ಮಾತ್ರ ಆರುವುದು ಇದೇ ಕಾರಣಕ್ಕೆ.

ಪರಿಹಾರ ಯುಪಿಎಸ್. ಆದರೆ ನೋಡಿಕೊಂಡು ತೆಗೆದುಕೊಳ್ಳಿ. 600 ವಿಎ ಅಂತ ಬರೆದ ಸಾಮಾನ್ಯ ಯುಪಿಎಸ್ ಕೊಡುವುದು ಸುಮಾರು 360 ವ್ಯಾಟ್ ಮಾತ್ರ. ದೊಡ್ಡ ಗ್ರಾಫಿಕ್ಸ್ ಕಾರ್ಡ್ ಇರುವ ಕಂಪ್ಯೂಟರ್ ಗೇಮ್ ಆಡುವಾಗ ಅದಕ್ಕಿಂತ ಜಾಸ್ತಿ ಎಳೆಯಬಹುದು, ಆಗ ಕರೆಂಟ್ ಹೋದ ಕೂಡಲೇ ಯುಪಿಎಸ್ ಕೂಡ ಕೀ ಅಂತ ಕೂಗಿ ಆರುತ್ತದೆ. ಮನೆಯಲ್ಲಿ ಇನ್ವರ್ಟರ್ ಇದ್ದರೆ ಅದರ ಹಿಂದೆ ಅಥವಾ ಮುಂದೆ ಸಾಮಾನ್ಯವಾಗಿ ಯುಪಿಎಸ್ ಮೋಡ್ ಅನ್ನುವ ಸ್ವಿಚ್ ಇರುತ್ತದೆ, ಅದನ್ನು ಹಾಕಿ. ಸಾಮಾನ್ಯ ಮೋಡ್‌ನಲ್ಲಿ ಇನ್ವರ್ಟರ್ ಬ್ಯಾಟರಿಗೆ ಬದಲಾಗಲು ಹಿಡಿಯುವ ಆ ಚೂರು ಸಮಯ ಫ್ಯಾನು ಬಲ್ಬಿಗೆ ಲೆಕ್ಕಕ್ಕಿಲ್ಲ, ಕಂಪ್ಯೂಟರ್ ಮಾತ್ರ ರೀಸ್ಟಾರ್ಟ್ ಆಗಿಬಿಡುತ್ತದೆ. ಯುಪಿಎಸ್ ಮೋಡ್ ಹಾಕಿದರೆ ವೋಲ್ಟೇಜ್ ಸುಮಾರು 180ಕ್ಕಿಂತ ಕೆಳಗಿಳಿದಾಗ ಅದು ಬ್ಯಾಟರಿಗೆ ಹೋಗುತ್ತದೆ, ಹಾಗಾಗಿ ವೋಲ್ಟೇಜ್ ತೀರಾ ಕಡಿಮೆ ಇರುವ ಊರಲ್ಲಿ ಬ್ಯಾಟರಿ ಬೇಗ ಖಾಲಿಯಾಗುತ್ತದೆ. ಅಲ್ಲಿ ಇನ್ವರ್ಟರ್‌ಗಿಂತ ಮುಂಚೆ ಒಂದು ಸ್ಟೆಬಿಲೈಸರ್ ಬೇಕು.

ಕ್ಯಾಬಿನೆಟ್ ಮುಟ್ಟಿದರೆ ಜುಮ್ ಅನ್ನುತ್ತಿದೆಯಾ? ಹೆಡ್‌ಫೋನ್‌ನಲ್ಲಿ ಗುಂಯ್ ಅನ್ನುವ ಸದ್ದು ಇದೆಯಾ? ಅರ್ಥಿಂಗ್ ಸರಿಯಿಲ್ಲದಿರಬಹುದು. ನಮ್ಮದು ಒಣ ಭೂಮಿ, ಬೇಸಿಗೆಯಲ್ಲಿ ಅರ್ಥ್ ಗುಂಡಿ ಒಣಗಿ ಕರೆಂಟ್ ನೆಲಕ್ಕೆ ಇಳಿಯುವುದು ಕಷ್ಟವಾಗುತ್ತದೆ. ಗುಂಡಿಗೆ ಆಗಾಗ ನೀರು ಹಾಕುವುದು ಹಳೆಯ ರೂಢಿ, ಅದು ಕೆಲಸ ಮಾಡುತ್ತದೆ. ಹಾಗೂ ಸರಿಹೋಗದಿದ್ದರೆ ಎಲೆಕ್ಟ್ರಿಷಿಯನ್ ಕರೆಸಿ ತಪಾಸಣೆ ಮಾಡಿಸಿ. ಮೂರು ಪಿನ್ನಿನ ಪ್ಲಗ್‌ನಲ್ಲಿ ಮೇಲಿನ ದಪ್ಪ ಪಿನ್ ಕಿತ್ತು ಎರಡು ಪಿನ್ ಸಾಕೆಟ್‌ಗೆ ಹಾಕುವ ಅಭ್ಯಾಸ ಇದ್ದರೆ ಇವತ್ತೇ ಬಿಡಿ. ಇದು ಗೇಮಿನ ವಿಷಯವಲ್ಲ, ಜೀವದ ವಿಷಯ.

ಹಂತ 3: ಬಿಸಿ ಮತ್ತು ಧೂಳು

ಎಚ್‌ಡಬ್ಲ್ಯು ಇನ್ಫೋ ಅಥವಾ ಎಚ್‌ಡಬ್ಲ್ಯು ಮಾನಿಟರ್ ಅನ್ನುವ ಉಚಿತ ಸಾಫ್ಟ್‌ವೇರ್ ಹಾಕಿಕೊಳ್ಳಿ. ಅದನ್ನು ತೆರೆದಿಟ್ಟು ಅರ್ಧ ಗಂಟೆ ಆಡಿ, ಆಮೇಲೆ "ಗರಿಷ್ಠ" ಕಾಲಂ ನೋಡಿ. ಗ್ರಾಫಿಕ್ಸ್ ಕಾರ್ಡ್ 80ರಿಂದ 85 ಡಿಗ್ರಿ ತೋರಿಸಿದರೆ ಗಾಬರಿ ಬೇಡ. ಪ್ರೊಸೆಸರ್ 95, 100ಕ್ಕೆ ಹೋಗಿ ಅಲ್ಲೇ ನಿಂತರೆ ಅದು ತನ್ನನ್ನು ಉಳಿಸಿಕೊಳ್ಳಲು ವೇಗ ತಾನೇ ತಗ್ಗಿಸಿಕೊಳ್ಳುತ್ತದೆ. ಇದಕ್ಕೆ ಥ್ರಾಟ್ಲಿಂಗ್ ಅನ್ನುತ್ತಾರೆ. ಮೊದಲ ಹತ್ತು ನಿಮಿಷ ಗೇಮ್ ಚೆನ್ನಾಗಿ ಓಡಿ ಆಮೇಲೆ ತಡವರಿಸಲು ಶುರುವಾದರೆ ಇದೇ ಅಂತ ಹೆಚ್ಚುಕಡಿಮೆ ನಂಬಬಹುದು.

ಏಪ್ರಿಲ್‌ನಲ್ಲಿ ಶೀಟಿನ ಮನೆಯ ಒಳಗಿನ ಬಿಸಿ ಹೊರಗಿಗಿಂತ ಜಾಸ್ತಿ ಇರುತ್ತದೆ, ಕಂಪ್ಯೂಟರ್ ಎಳೆದುಕೊಳ್ಳುವುದು ಆ ಗಾಳಿಯನ್ನೇ. ಚಿಕ್ಕಬಳ್ಳಾಪುರದ ಕ್ರಷರ್ ಇರುವ ಕಡೆಯ ಕಲ್ಲಿನ ಪುಡಿ, ಕೋಲಾರದ ಒಣಗಾಳಿಯ ಮಣ್ಣು, ತುಮಕೂರಿನಲ್ಲಿ ಹೆದ್ದಾರಿ ಪಕ್ಕದ ಮನೆಗಳ ಧೂಳು, ಎಲ್ಲಾ ಹೋಗಿ ಕೂರುವುದು ಫ್ಯಾನ್ ಹಿಂದಿನ ತೆಳು ಲೋಹದ ಪಟ್ಟಿಗಳ ಮೇಲೆ. ಅಲ್ಲಿ ಅದು ಕಂಬಳಿ ಥರ ಕೂತುಬಿಡುತ್ತದೆ, ಫ್ಯಾನ್ ಎಷ್ಟು ಜೋರಾಗಿ ತಿರುಗಿದರೂ ಗಾಳಿ ದಾಟುವುದಿಲ್ಲ. ಇಂಥ ಕಡೆ ಇರುವವರು ಎರಡು ಮೂರು ತಿಂಗಳಿಗೊಮ್ಮೆ ಸ್ವಚ್ಛ ಮಾಡಲೇಬೇಕು.

ಮಾಡುವ ಕ್ರಮ ಹೀಗೆ. ಪ್ಲಗ್ ತೆಗೆಯಿರಿ, ಪವರ್ ಬಟನ್ ಒಮ್ಮೆ ಒತ್ತಿ ಉಳಿದ ಕರೆಂಟ್ ಖಾಲಿ ಮಾಡಿ. ಪಕ್ಕದ ಮುಚ್ಚಳ ತೆಗೆದು ಅಂಗಳಕ್ಕೋ ಮಹಡಿಗೋ ತನ್ನಿ. ಫ್ಯಾನ್ ರೆಕ್ಕೆಯನ್ನು ಬೆರಳಲ್ಲಿ ಹಿಡಿದುಕೊಂಡೇ ಬ್ಲೋವರ್‌ನಿಂದ ಊದಿ, ಹಿಡಿಯದೆ ಊದಿದರೆ ಅದು ಮಿತಿಮೀರಿ ತಿರುಗಿ ಬೇರಿಂಗ್ ಹಾಳಾಗಬಹುದು. ಮನೆಯ ವ್ಯಾಕ್ಯೂಮ್ ಕ್ಲೀನರ್ ಒಳಗೆ ತಾಗಿಸಬೇಡಿ, ಅದರ ತುದಿಯಲ್ಲಿ ಸ್ಥಿರ ವಿದ್ಯುತ್ ಹುಟ್ಟುತ್ತದೆ. ಒದ್ದೆ ಬಟ್ಟೆ ಬೇಡವೇ ಬೇಡ. ಲ್ಯಾಪ್‌ಟಾಪ್ ಆದರೆ ವಾರಂಟಿ ಇರುವವರೆಗೆ ನೀವೇ ಬಿಚ್ಚಬೇಡಿ, ಗಾಳಿ ಹೊರಬರುವ ಕಿಂಡಿಗೆ ಬ್ರಷ್ ಆಡಿಸಿದರೆ ಸಾಕು. ಮೂರು ನಾಲ್ಕು ವರ್ಷ ಹಳೆಯದಾಗಿ ವಾರಂಟಿ ಮುಗಿದಿದ್ದರೆ ಥರ್ಮಲ್ ಪೇಸ್ಟ್ ಬದಲಾಯಿಸಿ. ಪ್ರೊಸೆಸರ್ ಮತ್ತು ಅದರ ಮೇಲಿನ ಲೋಹದ ನಡುವೆ ಬಿಸಿ ದಾಟಿಸುವ ಪೇಸ್ಟ್ ಅದು, ಒಣಗಿದರೆ ಬಿಸಿ ಏರುತ್ತದೆ.

ಲ್ಯಾಪ್‌ಟಾಪನ್ನು ಹಾಸಿಗೆ, ದಿಂಬಿನ ಮೇಲೆ ಇಟ್ಟು ಆಡಬೇಡಿ, ಕೆಳಗಿನ ಕಿಂಡಿ ಮುಚ್ಚಿಹೋಗುತ್ತದೆ. ಹಿಂಭಾಗಕ್ಕೆ ಎರಡು ತೆಳು ಪುಸ್ತಕ ಕೊಟ್ಟು ಎತ್ತರಿಸಿದರೂ ಕೆಲವು ಡಿಗ್ರಿ ಇಳಿಯುತ್ತದೆ. ಚಾರ್ಜರ್ ಹಾಕದೆ ಬ್ಯಾಟರಿಯಲ್ಲಿ ಆಡಿದರೆ ಲ್ಯಾಪ್‌ಟಾಪ್ ಬೇಕೆಂದೇ ನಿಧಾನವಾಗುತ್ತದೆ, ಅದು ಕೆಟ್ಟಿದೆ ಅಂದುಕೊಳ್ಳಬೇಡಿ.

ಹಂತ 4: ಗೇಮ್ ಓಪನ್ ಆಗದಿದ್ದರೆ

ಮೊದಲಿಗೆ ಗೇಮಿನ ಪುಟದಲ್ಲಿ ಕೊಟ್ಟಿರುವ ಕನಿಷ್ಠ ಅಗತ್ಯ ಓದಿ, ನಿಮ್ಮ ಕಂಪ್ಯೂಟರಿನ ಜೊತೆ ಹೋಲಿಸಿ. ವಿಂಡೋಸ್ ಬಟನ್ ಮತ್ತು ಆರ್ ಒಟ್ಟಿಗೆ ಒತ್ತಿ, ಬರುವ ಡಬ್ಬಿಯಲ್ಲಿ ಇಂಗ್ಲಿಷ್‌ನಲ್ಲಿ ಡಿಎಕ್ಸ್‌ಡಯಾಗ್ (dxdiag) ಅಂತ ಟೈಪ್ ಮಾಡಿ ಎಂಟರ್ ಕೊಟ್ಟರೆ ನಿಮ್ಮ ರ‍್ಯಾಮ್, ಪ್ರೊಸೆಸರ್, ಗ್ರಾಫಿಕ್ಸ್ ಎಲ್ಲಾ ಕಾಣಿಸುತ್ತದೆ. ಇನ್ನೂ ವಿಂಡೋಸ್ 7 ಇಟ್ಟುಕೊಂಡವರು ಗಮನಿಸಿ, 2024ರ ಜನವರಿ 1ರಿಂದ ಗೇಮ್ ಮಾರುವ ಸ್ಟೀಮ್ ಅದಕ್ಕೆ ಬೆಂಬಲ ನಿಲ್ಲಿಸಿದೆ. ಅಲ್ಲಿ ಏನೇ ರಿಪೇರಿ ಮಾಡಿದರೂ ಸಮಯ ದಂಡ.

ಆಮೇಲೆ ಗೇಮಿನ ಫೈಲ್ ಪರೀಕ್ಷಿಸಿ. ಡೌನ್‌ಲೋಡ್ ಮಧ್ಯೆ ಕರೆಂಟ್ ಹೋಗಿದ್ದರೆ, ನೆಟ್ ಕಟ್ ಆಗಿದ್ದರೆ ಒಂದೆರಡು ಫೈಲ್ ಅರ್ಧಂಬರ್ಧ ಇಳಿದಿರುವ ಸಾಧ್ಯತೆ ಇದೆ. ಸ್ಟೀಮ್‌ನಲ್ಲಿ ಲೈಬ್ರರಿಗೆ ಹೋಗಿ ಗೇಮಿನ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್, ಇನ್‌ಸ್ಟಾಲ್ಡ್ ಫೈಲ್ಸ್, ಅಲ್ಲಿ ವೆರಿಫೈ. ಎಪಿಕ್‌ನಲ್ಲಿ ಗೇಮಿನ ಪಕ್ಕದ ಮೂರು ಚುಕ್ಕಿ, ಮ್ಯಾನೇಜ್, ವೆರಿಫೈ. ಕೆಟ್ಟ ಫೈಲ್ ಮಾತ್ರ ಮತ್ತೆ ಇಳಿಯುತ್ತದೆ, 80 ಜಿಬಿ ಗೇಮ್ ಪೂರ್ತಿ ಅಳಿಸಿ ಮತ್ತೆ ಇಳಿಸುವ ಕೆಲಸವಿಲ್ಲ.

"ಇಂಥ ಡಿಎಲ್‌ಎಲ್ ಸಿಗುತ್ತಿಲ್ಲ" ಅನ್ನುವ ಸಂದೇಶ ಬಂತಾ? ಡಿಎಲ್‌ಎಲ್ ಅಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಸಣ್ಣ ಫೈಲು. ಇಲ್ಲಿ ಜನ ಮಾಡುವ ದೊಡ್ಡ ತಪ್ಪು, ಆ ಹೆಸರನ್ನು ಗೂಗಲ್‌ನಲ್ಲಿ ಹಾಕಿ ಯಾವುದೋ ಸೈಟ್‌ನಿಂದ ಅದೊಂದೇ ಫೈಲ್ ಇಳಿಸಿ ವಿಂಡೋಸ್ ಫೋಲ್ಡರಿಗೆ ಹಾಕುವುದು. ಅದರಲ್ಲಿ ವೈರಸ್ ಇರಬಹುದು, ಇಲ್ಲದಿದ್ದರೂ ಬೇರೆ ಆವೃತ್ತಿಯದಾಗಿ ಇನ್ನೊಂದು ಪ್ರೋಗ್ರಾಂ ಕೆಡಬಹುದು. ಫೈಲಿನ ಹೆಸರಿನ ಕೊನೆಯಲ್ಲಿ 140 ಅಂತ ಇದ್ದರೆ ಮೈಕ್ರೋಸಾಫ್ಟ್ ಸೈಟಿನಿಂದಲೇ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಅನ್ನುವ ಪ್ಯಾಕೇಜ್ ಹಾಕಿ. 32 ಬಿಟ್, 64 ಬಿಟ್ ಎರಡನ್ನೂ ಹಾಕಬೇಕು, ನಿಮ್ಮ ವಿಂಡೋಸ್ 64 ಬಿಟ್ ಆಗಿದ್ದರೂ ಹಳೆಯ ಗೇಮ್‌ಗಳಿಗೆ 32 ಬಿಟ್‌ನದು ಬೇಕಾಗುತ್ತದೆ. ಡಿ3ಡಿಎಕ್ಸ್9 ಅಂತ ಶುರುವಾಗುವ ಹೆಸರಾದರೆ ಅದು ಹಳೆಯ ಡೈರೆಕ್ಟ್‌ಎಕ್ಸ್‌ನದು. ಮೈಕ್ರೋಸಾಫ್ಟ್‌ನ 2010ರ ಜೂನ್ ಪ್ಯಾಕೇಜ್ ಹಾಕಿದರೆ ಸಿಗುತ್ತದೆ. ವಿಂಡೋಸ್ 11ರಲ್ಲಿ ಹೊಸ ಡೈರೆಕ್ಟ್‌ಎಕ್ಸ್ ಇದ್ದರೂ ಈ ಹಳೆಯ ಫೈಲುಗಳು ತಾವಾಗೇ ಬರುವುದಿಲ್ಲ.

ಈಗ ಕನ್ನಡದಂಥ, ಇಂಗ್ಲಿಷ್ ಅಲ್ಲದ ಲಿಪಿ ಬಳಸುವವರಿಗೆ ಬರುವ ಒಂದು ತೊಂದರೆ. ವಿಂಡೋಸ್ ಹಾಕುವಾಗ ಯೂಸರ್ ಹೆಸರನ್ನು ಕನ್ನಡ ಲಿಪಿಯಲ್ಲಿ ಕೊಟ್ಟಿದ್ದರೆ, ಸಿ ಡ್ರೈವ್‌ನ ಯೂಸರ್ಸ್ ಒಳಗಿನ ನಿಮ್ಮ ಫೋಲ್ಡರ್ ಹೆಸರೂ ಕನ್ನಡದಲ್ಲೇ ಇರಬಹುದು. ಕೆಲವು ಗೇಮ್‌ಗಳಿಗೆ ಆ ದಾರಿ ಓದಲು ಬರುವುದಿಲ್ಲ, ಯಾವ ಸಂದೇಶವೂ ಇಲ್ಲದೆ ಮುಚ್ಚಿಕೊಳ್ಳುತ್ತವೆ, ಇಲ್ಲವೇ ಸೇವ್ ಮಾಡುವುದಿಲ್ಲ. ಸೆಟ್ಟಿಂಗ್ಸ್‌ನಲ್ಲಿ ಹೆಸರು ಬದಲಾಯಿಸಿದರೆ ಆಗುವುದಿಲ್ಲ, ಫೋಲ್ಡರ್ ಹೆಸರು ಹಾಗೇ ಉಳಿಯುತ್ತದೆ. ಇಂಗ್ಲಿಷ್ ಅಕ್ಷರದಲ್ಲಿ ಇನ್ನೊಂದು ಅಕೌಂಟ್ ಮಾಡಿ ಅದರಿಂದ ಆಡಿ. ಗೇಮ್ ಹಾಕಿದ ಫೋಲ್ಡರಿಗೂ ಇದೇ ಮಾತು. ಕನ್ನಡದಲ್ಲಿ ಹೆಸರಿಡಬೇಡಿ ಅಂತ ಹೇಳಲು ನನಗೆ ಬೇಜಾರು, ತಪ್ಪು ಗೇಮ್ ಬರೆದವರದು. ಆದರೆ ಸದ್ಯಕ್ಕೆ ದಾರಿ ಇದೇ.

ಗೇಮ್ ಓಡುತ್ತದೆ, ಸೇವ್ ಮಾತ್ರ ಆಗಲ್ಲ ಅನ್ನುವವರು ವಿಂಡೋಸ್ ಸೆಕ್ಯುರಿಟಿಯಲ್ಲಿ ರ‍್ಯಾನ್ಸಮ್‌ವೇರ್ ಪ್ರೊಟೆಕ್ಷನ್ ತೆರೆದು ನೋಡಿ. ಅಲ್ಲಿ ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್ ಆನ್ ಇದ್ದರೆ ಡಾಕ್ಯುಮೆಂಟ್ಸ್ ಫೋಲ್ಡರಿಗೆ ಬರೆಯಲು ಗೇಮಿಗೆ ಬಿಡುವುದಿಲ್ಲ. ಪೂರ್ತಿ ಆಫ್ ಮಾಡಬೇಡಿ, ಆ ಗೇಮ್ ಒಂದಕ್ಕೆ ಅನುಮತಿ ಕೊಡಿ.

ಪೆನ್ ಡ್ರೈವ್‌ನಲ್ಲಿ ಕೈ ಬದಲಾಗುತ್ತಾ ಬರುವ ಕ್ರ್ಯಾಕ್ ಗೇಮ್‌ಗಳ ಬಗ್ಗೆ ಒಂದೇ ಮಾತು. "ಆ್ಯಂಟಿವೈರಸ್ ಆಫ್ ಮಾಡಿ ಹಾಕು" ಅಂತ ಹೇಳಿದರೆ ಹಾಕಬೇಡಿ. ಅದೇ ಕಂಪ್ಯೂಟರಿನಲ್ಲಿ ಅಪ್ಪನ ಬ್ಯಾಂಕ್ ಲಾಗಿನ್ ಇರುತ್ತದೆ.

ಹಂತ 5: ಡ್ರೈವರ್

ಡ್ರೈವರ್ ಅಂದರೆ ವಿಂಡೋಸ್ ಮತ್ತು ಗ್ರಾಫಿಕ್ಸ್ ಕಾರ್ಡ್ ನಡುವೆ ಮಾತು ನಡೆಸುವ ಪ್ರೋಗ್ರಾಂ. ಎನ್ವಿಡಿಯಾ, ಎಎಂಡಿ, ಇಂಟೆಲ್, ಯಾವುದೋ ಅದರ ಸ್ವಂತ ಸೈಟಿನಿಂದ ಇಳಿಸಿ. "ಎಲ್ಲಾ ಡ್ರೈವರ್ ಒಂದೇ ಕ್ಲಿಕ್ಕಿನಲ್ಲಿ" ಅನ್ನುವ ಸಾಫ್ಟ್‌ವೇರ್ ಬೇಡ. ಹೊಸ ಡ್ರೈವರ್ ಹಾಕಿದ ಮೇಲೆಯೇ ತೊಂದರೆ ಶುರುವಾಗಿದ್ದರೆ ಹಳೆಯದಕ್ಕೆ ವಾಪಸ್ ಹೋಗಿ, ಹೊಸದು ಯಾವಾಗಲೂ ಒಳ್ಳೆಯದೇ ಅಂತಿಲ್ಲ. ಸಾಮಾನ್ಯವಾಗಿ ತೆಗೆದು ಹಾಕಿದರೂ ಸರಿಹೋಗದಿದ್ದರೆ ಡಿಡಿಯು ಅನ್ನುವ ಉಚಿತ ಸಾಧನ ಇದೆ, ಹಳೆಯ ಡ್ರೈವರ್‌ನ ಚೂರುಪಾರು ಎಲ್ಲಾ ತೆಗೆಯುತ್ತದೆ. ಇದನ್ನು ಸೇಫ್ ಮೋಡ್‌ನಲ್ಲಿ, ನೆಟ್ ಕಿತ್ತು ಮಾಡಬೇಕು. ಇಲ್ಲದಿದ್ದರೆ ಮಧ್ಯದಲ್ಲೇ ವಿಂಡೋಸ್ ತನಗೆ ತೋಚಿದ ಡ್ರೈವರ್ ಹಾಕಿಬಿಡುತ್ತದೆ.

ಡ್ರೈವರ್ ಸರಿ ಇದ್ದೂ ಗೇಮ್ ತೀರಾ ನಿಧಾನವಾಗಿದ್ದರೆ ಎರಡು ವಿಷಯ ನೋಡಿ. ಡೆಸ್ಕ್‌ಟಾಪ್ ಆದರೆ ಮಾನಿಟರ್ ವೈರ್ ಎಲ್ಲಿಗೆ ಚುಚ್ಚಿದ್ದೀರಿ? ಮೇಲೆ ಯುಎಸ್‌ಬಿ ತೂತುಗಳ ಪಕ್ಕದಲ್ಲಿ ಇರುವುದು ಮದರ್‌ಬೋರ್ಡ್‌ನದು, ಕೆಳಗೆ ಅಡ್ಡಡ್ಡ ಇರುವುದು ಗ್ರಾಫಿಕ್ಸ್ ಕಾರ್ಡ್‌ನದು. ವೈರ್ ಕೆಳಗಿನದಕ್ಕೇ ಹೋಗಬೇಕು. ಬೆಂಗಳೂರಿನ ಎಸ್‌ಪಿ ರೋಡ್‌ನಿಂದ ಕಾರ್ಡ್ ತಂದು ಹಾಕಿ "ಏನೂ ವ್ಯತ್ಯಾಸ ಇಲ್ಲ" ಅನ್ನುವವರು ಮೊದಲು ಇದನ್ನೇ ನೋಡಬೇಕು. ಲ್ಯಾಪ್‌ಟಾಪ್ ಆದರೆ ಸೆಟ್ಟಿಂಗ್ಸ್, ಸಿಸ್ಟಮ್, ಡಿಸ್ಪ್ಲೇ, ಗ್ರಾಫಿಕ್ಸ್ ಒಳಗೆ ಹೋಗಿ ಆ ಗೇಮಿಗೆ ಹೈ ಪರ್ಫಾರ್ಮೆನ್ಸ್ ಆರಿಸಿ. ಎರಡು ಗ್ರಾಫಿಕ್ಸ್ ಇರುವ ಲ್ಯಾಪ್‌ಟಾಪ್ ಕೆಲವು ಸಲ ಬ್ಯಾಟರಿ ಉಳಿಸಲು ಚಿಕ್ಕದರಲ್ಲೇ ಗೇಮ್ ಓಡಿಸುತ್ತದೆ.

ಪರದೆ ಕಪ್ಪಾಗಿ ಸದ್ದು ಮಾತ್ರ ಬರುತ್ತಿದ್ದರೆ ವಿಂಡೋಸ್, ಕಂಟ್ರೋಲ್, ಶಿಫ್ಟ್ ಮೂರನ್ನೂ ಹಿಡಿದು ಬಿ ಒತ್ತಿ. ಗ್ರಾಫಿಕ್ಸ್ ಡ್ರೈವರ್ ಮತ್ತೆ ಶುರುವಾಗುತ್ತದೆ, ಸೇವ್ ಮಾಡದ ಆಟ ಉಳಿಯಬಹುದು. ಜಾಯ್‌ಸ್ಟಿಕ್ ಗುರುತಿಸದಿದ್ದರೆ, ಸ್ಟೀಮ್‌ನಲ್ಲಿ ಆ ಗೇಮಿನ ಪ್ರಾಪರ್ಟೀಸ್ ಒಳಗೆ ಕಂಟ್ರೋಲರ್ ವಿಭಾಗದಲ್ಲಿ ಸ್ಟೀಮ್ ಇನ್‌ಪುಟ್ ಆನ್ ಮಾಡಿ. ಬ್ಲೂಟೂತ್ ಹೆಡ್‌ಫೋನ್‌ನಲ್ಲಿ ಸದ್ದು ಹಳೆಯ ಟೆಲಿಫೋನಿನಂತೆ ಬಂದರೆ ಅದರ ಮೈಕ್ ಬಳಕೆಯಲ್ಲಿದೆ ಅಂತ, ಬೇರೆ ಮೈಕ್ ಆರಿಸಿ.

ಹಂತ 6: ಓಡುತ್ತದೆ, ಆದರೆ ತಡವರಿಸುತ್ತದೆ

ಹೊಸ ಗೇಮ್ ಮೊದಲ ಸಲ ತೆರೆದಾಗ "ಶೇಡರ್ ಕಂಪೈಲ್ ಆಗುತ್ತಿದೆ" ಅಂತ ತೋರಿಸಿದರೆ ಕಾಯಿರಿ. ಬೆಳಕು, ನೀರು, ಹೊಗೆ ಹೇಗೆ ಕಾಣಬೇಕು ಅನ್ನುವ ಲೆಕ್ಕವನ್ನು ನಿಮ್ಮ ಕಾರ್ಡಿಗೆ ತಕ್ಕಂತೆ ತಯಾರಿಸಿಕೊಳ್ಳುವ ಕೆಲಸ ಅದು. ಅದನ್ನು ಬಿಟ್ಟು ಆಟಕ್ಕೆ ಹೋದರೆ ಹೊಸ ಜಾಗ ಬಂದಾಗಲೆಲ್ಲ ತಡವರಿಕೆ ಬರುತ್ತದೆ. ಡ್ರೈವರ್ ಬದಲಾಯಿಸಿದ ಮೇಲೂ ಇದು ಮತ್ತೊಮ್ಮೆ ಆಗುತ್ತದೆ.

ಪ್ರತ್ಯೇಕ ಗ್ರಾಫಿಕ್ಸ್ ಕಾರ್ಡ್ ಇಲ್ಲದ ಕಂಪ್ಯೂಟರ್‌ನವರು ಇದನ್ನು ಗಮನವಿಟ್ಟು ಓದಿ. ಪ್ರೊಸೆಸರ್ ಒಳಗಿನ ಗ್ರಾಫಿಕ್ಸ್‌ಗೆ ತನ್ನದೇ ಮೆಮೊರಿ ಇಲ್ಲ, ಅದು ಬಳಸುವುದು ನಿಮ್ಮ ರ‍್ಯಾಮನ್ನೇ. ಒಂದೇ 8 ಜಿಬಿ ರ‍್ಯಾಮ್ ಕಡ್ಡಿ ಇದ್ದರೆ ಪಕ್ಕಕ್ಕೆ ಅಂಥದ್ದೇ ಇನ್ನೊಂದು ಹಾಕಿ. ಆಗ ಎರಡೂ ಕಡ್ಡಿ ಒಟ್ಟಿಗೆ ಕೆಲಸ ಮಾಡುತ್ತವೆ, ಇದಕ್ಕೆ ಡ್ಯುಯಲ್ ಚಾನೆಲ್ ಅನ್ನುತ್ತಾರೆ. ಕಡಿಮೆ ಖರ್ಚಿನಲ್ಲಿ ಇಷ್ಟು ಎದ್ದುಕಾಣುವ ಸುಧಾರಣೆ ಬೇರೆ ಯಾವುದರಲ್ಲೂ ಸಿಗುವುದು ಕಷ್ಟ. ಗೇಮ್ ಹಳೆಯ ಹಾರ್ಡ್ ಡಿಸ್ಕ್‌ನಲ್ಲಿದ್ದರೆ ಎಸ್‌ಎಸ್‌ಡಿಗೆ ಸರಿಸಿ, ಓಡುತ್ತಾ ಓಡುತ್ತಾ ಒಂದೆರಡು ಸೆಕೆಂಡ್ ನಿಲ್ಲುವುದು ತಪ್ಪುತ್ತದೆ.

ಸೆಟ್ಟಿಂಗ್ ಇಳಿಸುವಾಗ ಮೊದಲು ನೆರಳು, ಆಮೇಲೆ ರೇ ಟ್ರೇಸಿಂಗ್ ಇದ್ದರೆ ಅದು, ಆಮೇಲೆ ರೆಸಲ್ಯೂಶನ್. ಟೆಕ್ಸ್‌ಚರ್, ಅಂದರೆ ಗೋಡೆ ನೆಲದ ಮೇಲಿನ ಚಿತ್ರ, ಕಾರ್ಡಿನ ಮೆಮೊರಿ ಸಾಲದಿದ್ದರೆ ಮಾತ್ರ ಇಳಿಸಿ. ಡಿಸ್ಕಾರ್ಡ್ ಮತ್ತಿತರ ಸಾಫ್ಟ್‌ವೇರ್‌ಗಳು ಗೇಮ್ ಮೇಲೆ ತೋರಿಸುವ ಓವರ್‌ಲೇಗಳನ್ನು ಒಂದೊಂದಾಗಿ ಮುಚ್ಚಿ ನೋಡಿ.

ಹಂತ 7: ಪಿಂಗ್

ಕಮಾಂಡ್ ಪ್ರಾಂಪ್ಟ್ ತೆರೆದು ಮೊದಲು ನಿಮ್ಮ ರೌಟರ್‌ಗೇ ಪಿಂಗ್ ಮಾಡಿ. ಪಿಂಗ್ ಅಂತ ಟೈಪ್ ಮಾಡಿ ಜಾಗ ಬಿಟ್ಟು ರೌಟರ್ ವಿಳಾಸ, ಹೆಚ್ಚಾಗಿ 192.168.1.1 ಅಥವಾ 192.168.0.1. ಅದೇ ಸಾಲಿನ ಕೊನೆಗೆ ಜಾಗ ಬಿಟ್ಟು ಅಡ್ಡಗೆರೆ ಟಿ (-t) ಸೇರಿಸಿದರೆ ನಿಲ್ಲದೆ ಓಡುತ್ತದೆ, ನಿಲ್ಲಿಸಲು ಕಂಟ್ರೋಲ್ ಮತ್ತು ಸಿ. ಒಂದೆರಡು ನಿಮಿಷ ಬಿಡಿ. ರೌಟರ್‌ಗೆ 1ರಿಂದ 5 ಮಿಲಿಸೆಕೆಂಡ್ ಬಂದರೆ ಸರಿ. ಇಲ್ಲೇ 80, 100 ಹಾರುತ್ತಿದ್ದರೆ ತೊಂದರೆ ಮನೆಯ ವೈಫೈನದು, ಕಂಪನಿಗೆ ಫೋನ್ ಮಾಡಿ ಬೈದು ಉಪಯೋಗವಿಲ್ಲ. ಕಲ್ಲುಗೋಡೆಯ ಹಳೆ ಮನೆಗಳಲ್ಲಿ 5 ಗಿಗಾಹರ್ಟ್ಸ್ ವೈಫೈ ಒಂದು ಗೋಡೆ ದಾಟುವಷ್ಟರಲ್ಲಿ ಸೋತುಹೋಗುತ್ತದೆ, 2.4 ದೂರ ಹೋಗುತ್ತದೆ ಆದರೆ ಹಾಸ್ಟೆಲ್, ಪಿಜಿ ಇರುವ ಬೀದಿಯಲ್ಲಿ ಅದರಲ್ಲಿ ವಿಪರೀತ ಗದ್ದಲ. ಆಗುವುದಾದರೆ ರೌಟರ್‌ನಿಂದ ನೇರ ಲ್ಯಾನ್ ಕೇಬಲ್ ಎಳೆಯಿರಿ.

ರೌಟರ್‌ವರೆಗೆ ಸರಿ ಇದ್ದರೆ ಗೂಗಲ್ ಸರ್ವರ್ ಆದ 8.8.8.8ಕ್ಕೆ ಅದೇ ಪರೀಕ್ಷೆ ಮಾಡಿ. ಮಧ್ಯೆ ಮಧ್ಯೆ "ಟೈಮ್ಡ್ ಔಟ್" ಬಂದರೆ ಅದು ಪ್ಯಾಕೆಟ್ ಲಾಸ್, ಕಳಿಸಿದ ಮಾಹಿತಿ ದಾರಿಯಲ್ಲಿ ಕಳೆದುಹೋಗುತ್ತಿದೆ. ಗೇಮಿಗೆ ಇದು ಜಾಸ್ತಿ ಪಿಂಗ್‌ಗಿಂತ ಕೆಟ್ಟದ್ದು. ಈ ಫಲಿತಾಂಶದ ಸ್ಕ್ರೀನ್‌ಶಾಟ್ ತೆಗೆದು, ಸಮಯ ಬರೆದು ಇಂಟರ್‌ನೆಟ್ ಕೊಟ್ಟವರಿಗೆ ಕಳಿಸಿ. "ನೆಟ್ ಸ್ಲೋ" ಅಂದರೆ ಸ್ಪೀಡ್ ಟೆಸ್ಟ್ ಮಾಡಿಸಿ ಎಲ್ಲಾ ಸರಿ ಇದೆ ಅನ್ನುತ್ತಾರೆ. ಗೇಮಿಗೆ ಬೇಕಾಗುವ ವೇಗ ತೀರಾ ಕಡಿಮೆ, 100 ಎಂಬಿಪಿಎಸ್ ಇದ್ದರೂ ಪ್ಯಾಕೆಟ್ ಕಳೆದರೆ ಆಟ ಹಾಳು.

ಸರ್ವರ್ ಎಲ್ಲಿದೆ ಅನ್ನುವುದೂ ಲೆಕ್ಕಕ್ಕೆ ಬರುತ್ತದೆ. ವ್ಯಾಲೊರಂಟ್‌ಗೆ ಮುಂಬೈಯಲ್ಲಿ, ಕೌಂಟರ್ ಸ್ಟ್ರೈಕ್‌ಗೆ ಮುಂಬೈ ಮತ್ತು ಚೆನ್ನೈಯಲ್ಲಿ ಸರ್ವರ್ ಇದೆ. ಇಲ್ಲಿಂದ ಮುಂಬೈಗೆ 30ರಿಂದ 50 ಸಹಜ. ಯೂರೋಪಿನ ಸರ್ವರ್ ಆರಿಸಿಕೊಂಡಿದ್ದರೆ 150ರ ಆಸುಪಾಸು ಬರುತ್ತದೆ, ಅದನ್ನು ಯಾವ ಪ್ಲಾನೂ ಇಳಿಸಲಾರದು, ದೂರವೇ ಅಷ್ಟಿದೆ. ಗೇಮಿನ ಸೆಟ್ಟಿಂಗ್‌ನಲ್ಲಿ ಹತ್ತಿರದ ಸರ್ವರ್ ಆರಿಸಿ.

ಹಂತ 8: ವ್ಯಾನ್ 9001, 9003

ವ್ಯಾಲೊರಂಟ್ ಆಡುವವರು ವಿಂಡೋಸ್ 11ರಲ್ಲಿ ಪದೇಪದೇ ಕೇಳುವುದು ಈ ಎರಡು ಎರರ್ ನಂಬರ್‌ಗಳ ಬಗ್ಗೆ. ಮೋಸದ ಆಟ ತಡೆಯುವ ವ್ಯಾನ್‌ಗಾರ್ಡ್‌ಗೆ ಟಿಪಿಎಂ 2.0 ಮತ್ತು ಸೆಕ್ಯೂರ್ ಬೂಟ್ ಎರಡೂ ಆನ್ ಇರಬೇಕು. ಇವು ಕಂಪ್ಯೂಟರ್ ಶುರುವಾಗುವಾಗಲೇ ಬೇರೆ ಪ್ರೋಗ್ರಾಂ ನುಸುಳದಂತೆ ಕಾಯುವ ವ್ಯವಸ್ಥೆಗಳು, ಇವುಗಳ ಸೆಟ್ಟಿಂಗ್ ಬಯಾಸ್ ಒಳಗಿರುತ್ತದೆ. ಬಯಾಸ್ ಅಂದರೆ ವಿಂಡೋಸ್‌ಗಿಂತ ಮುಂಚೆ ಓಡುವ ಮದರ್‌ಬೋರ್ಡಿನ ಪ್ರೋಗ್ರಾಂ. ಆದರೆ ನೇರವಾಗಿ ಬಯಾಸ್‌ಗೆ ಹೋಗಿ ಆನ್ ಮಾಡಬೇಡಿ. ಮೊದಲು ಡಿಸ್ಕ್ ಮ್ಯಾನೇಜ್‌ಮೆಂಟ್‌ನಲ್ಲಿ ನಿಮ್ಮ ವಿಂಡೋಸ್ ಇರುವ ಡಿಸ್ಕ್ ಜಿಪಿಟಿಯಾ ಎಂಬಿಆರ್ ಆ ಅಂತ ನೋಡಿ, ಇವು ಡಿಸ್ಕನ್ನು ಭಾಗ ಮಾಡಿಡುವ ಹೊಸ ಮತ್ತು ಹಳೆಯ ಪದ್ಧತಿಗಳು. ಎಂಬಿಆರ್ ಇದ್ದು ನೀವು ಬಯಾಸ್‌ನಲ್ಲಿ ಸೆಕ್ಯೂರ್ ಬೂಟ್‌ಗಾಗಿ ಹಳೆಯ ಮೋಡ್ ತೆಗೆದರೆ ಕಂಪ್ಯೂಟರ್ ಶುರುವೇ ಆಗುವುದಿಲ್ಲ. ಡಿಸ್ಕನ್ನು ಜಿಪಿಟಿಗೆ ಬದಲಾಯಿಸಲು ವಿಂಡೋಸ್‌ನಲ್ಲೇ ಎಂಬಿಆರ್ ಟು ಜಿಪಿಟಿ ಅನ್ನುವ ಸಾಧನ ಇದೆ. ಬ್ಯಾಕಪ್ ತೆಗೆದುಕೊಂಡೇ ಬಳಸಿ. ಡಿಸ್ಕಿಗೆ ಬೀಗ ಹಾಕುವ ಬಿಟ್‌ಲಾಕರ್ ಆನ್ ಇದ್ದರೆ ಅದರ ರಿಕವರಿ ಕೀ ನಿಮ್ಮ ಮೈಕ್ರೋಸಾಫ್ಟ್ ಅಕೌಂಟ್‌ನಿಂದ ಮೊದಲೇ ಹಾಳೆಯಲ್ಲಿ ಬರೆದಿಟ್ಟುಕೊಳ್ಳಿ. ಆ ಕೀ ಇಲ್ಲದೆ ನಿಮ್ಮ ಫೈಲು ವಾಪಸ್ ತರಲು ಯಾವ ಅಂಗಡಿಗೂ ಆಗುವುದಿಲ್ಲ.

ಹಂತ 9: ಮೊಬೈಲಿನಲ್ಲಿ ಆಡುವವರಿಗೆ

ಚಾರ್ಜ್‌ಗೆ ಹಾಕಿಕೊಂಡು ಆಡಬೇಡಿ. ಚಾರ್ಜಿಂಗ್ ಬಿಸಿ, ಗೇಮಿನ ಬಿಸಿ ಎರಡೂ ಸೇರಿ ಫೋನ್ ವೇಗ ತಗ್ಗಿಸಿಕೊಳ್ಳುತ್ತದೆ. ದಪ್ಪ ಕವರ್ ತೆಗೆಯಿರಿ. ಬ್ಯಾಟರಿ ಸೇವರ್ ಆಫ್ ಮಾಡಿ. ಸ್ಟೋರೇಜ್ ತುಂಬಿ ತುಳುಕುತ್ತಿದ್ದರೆ ಅಪ್‌ಡೇಟ್ ಅರ್ಧಕ್ಕೆ ನಿಲ್ಲುತ್ತದೆ, ಕೆಲವು ಜಿಬಿ ಖಾಲಿ ಇಡಿ. ಬಿಜಿಎಂಐ (ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ) 2022ರ ಜುಲೈನಲ್ಲಿ ಸ್ಟೋರ್‌ನಿಂದ ಹೋಗಿ 2023ರ ಮೇನಲ್ಲಿ ವಾಪಸ್ ಬಂತು. ಆ ಮಧ್ಯದಲ್ಲಿ ಅಲ್ಲಿ ಇಲ್ಲಿ ಸಿಕ್ಕ ಎಪಿಕೆ (ಆ್ಯಪ್ ಹಾಕುವ ಫೈಲು) ಹಾಕಿಕೊಂಡವರು ಇನ್ನೂ ಅದನ್ನೇ ಇಟ್ಟುಕೊಂಡಿದ್ದರೆ ತೆಗೆದು ಪ್ಲೇ ಸ್ಟೋರ್‌ನಿಂದ ಹಾಕಿ. ಅದಕ್ಕೂ ಮುಂಚೆ ನಿಮ್ಮ ಅಕೌಂಟ್ ಯಾವುದಕ್ಕೆ ಲಿಂಕ್ ಆಗಿದೆ ಅಂತ ನೋಡಿ. ಗೆಸ್ಟ್ ಅಂತ ಇದ್ದರೆ ಮೊದಲು ಗೂಗಲ್ ಅಥವಾ ಬೇರೆ ಲಾಗಿನ್‌ಗೆ ಲಿಂಕ್ ಮಾಡಿ, ಇಲ್ಲದಿದ್ದರೆ ಇಷ್ಟು ದಿನ ಆಡಿದ್ದು ಹೋಗುತ್ತದೆ.

ಹಂತ 10: ಇಷ್ಟಾದರೂ ಸರಿಹೋಗದಿದ್ದರೆ

ಮೆಮ್‌ಟೆಸ್ಟ್ 86 ಅನ್ನು ಪೆನ್ ಡ್ರೈವ್‌ಗೆ ಹಾಕಿ ರಾತ್ರಿಯೆಲ್ಲ ರ‍್ಯಾಮ್ ಪರೀಕ್ಷೆಗೆ ಬಿಡಿ. ಒಂದೇ ಒಂದು ಕೆಂಪು ತಪ್ಪು ಬಂದರೂ ಕಡ್ಡಿ ಬದಲಾಯಿಸಬೇಕು. ಇಂಟೆಲ್‌ನ 13, 14ನೇ ತಲೆಮಾರಿನ ದೊಡ್ಡ ಡೆಸ್ಕ್‌ಟಾಪ್ ಪ್ರೊಸೆಸರ್ ಇದ್ದು, ಕಾರ್ಡಿನಲ್ಲಿ ಜಾಗ ಇದ್ದರೂ "ವಿಡಿಯೋ ಮೆಮೊರಿ ಸಾಲದು" ಅಂತ ಗೇಮ್ ಮುಚ್ಚಿಕೊಂಡರೆ ತೊಂದರೆ ಪ್ರೊಸೆಸರಿನದೇ ಇರಬಹುದು. ಇಂಟೆಲ್ ಇದನ್ನು ಒಪ್ಪಿಕೊಂಡು 2024ರ ಆಗಸ್ಟ್‌ನಿಂದ ಬಯಾಸ್ ಮೂಲಕ ತಿದ್ದುಪಡಿ ಕೊಟ್ಟಿದೆ, ವಾರಂಟಿಯನ್ನೂ ಎರಡು ವರ್ಷ ಹೆಚ್ಚಿಸಿದೆ. ಆಗಲೇ ಕೆಟ್ಟ ಪ್ರೊಸೆಸರನ್ನು ಆ ತಿದ್ದುಪಡಿ ಸರಿಮಾಡುವುದಿಲ್ಲ, ಬದಲಾಯಿಸಿಕೊಳ್ಳಿ. ಯುಪಿಎಸ್ ಇಲ್ಲದೆ ಬಯಾಸ್ ಅಪ್‌ಡೇಟ್ ಯಾವತ್ತೂ ಮಾಡಬೇಡಿ. ಆ ಎರಡು ಮೂರು ನಿಮಿಷದಲ್ಲಿ ಕರೆಂಟ್ ಹೋದರೆ ಮದರ್‌ಬೋರ್ಡೇ ಏಳದೆ ಹೋಗಬಹುದು.

ಗೇಮನ್ನು ಸ್ಟೀಮ್‌ನಲ್ಲಿ ಈಚೆಗೆ ಕೊಂಡಿದ್ದರೆ ಗಡಿಯಾರ ನೋಡುತ್ತಿರಿ. ಕೊಂಡು 14 ದಿನದೊಳಗೆ, ಆಡಿದ್ದು ಎರಡು ಗಂಟೆಗಿಂತ ಕಡಿಮೆ ಇದ್ದರೆ ದುಡ್ಡು ವಾಪಸ್ ಸಿಗುತ್ತದೆ. ಗೇಮ್ ತೆರೆದಿಟ್ಟು ಸೆಟ್ಟಿಂಗ್ ತಡಕಾಡುವ ಸಮಯವೂ ಆ ಎರಡು ಗಂಟೆಯಲ್ಲೇ ಸೇರುತ್ತದೆ.

ಯಾರಿಗಾದರೂ ಸಹಾಯ ಕೇಳಿ ಬರೆಯುವಾಗ, ಗೇಮಿನ ಕಂಪನಿಗೇ ಆಗಲಿ ಗೊತ್ತಿರುವ ಗೆಳೆಯರಿಗೇ ಆಗಲಿ, ಇಷ್ಟು ಕೊಡಿ: ಗೇಮಿನ ಹೆಸರು, ಬಂದ ಸಂದೇಶದ ಸ್ಕ್ರೀನ್‌ಶಾಟ್, ಡಿಎಕ್ಸ್‌ಡಯಾಗ್‌ನಲ್ಲಿ "ಸೇವ್ ಆಲ್ ಇನ್‌ಫರ್ಮೇಶನ್" ಒತ್ತಿ ಉಳಿಸಿದ ಫೈಲು, ಅರ್ಧ ಗಂಟೆ ಆಡಿದ ಮೇಲಿನ ಡಿಗ್ರಿ, ಮತ್ತು ನೀವು ಇದುವರೆಗೆ ಏನೇನು ಬದಲಾಯಿಸಿದಿರಿ ಅಂತ ಬರೆದಿಟ್ಟ ಆ ಹಾಳೆಯ ಫೋಟೋ. ಡಿಎಕ್ಸ್‌ಡಯಾಗ್ ಫೈಲಿನಲ್ಲಿ ನಿಮ್ಮ ಕಂಪ್ಯೂಟರಿನ ಹೆಸರೂ ಇರುತ್ತದೆ, ಗೊತ್ತಿಲ್ಲದವರಿಗೆ ಕಳಿಸುವ ಮುಂಚೆ ಅದನ್ನು ಅಳಿಸಿ.